ಸಾಂಭನ ಪಾತ್ರವೂ ದೊಡ್ಡಾಟದ ಸಾರಥಿಯೂ

ನಾಟ್ಯಶಾಸ್ತ್ರವನ್ನು ಅನುಸರಿಸಿ ಗ್ರಂಥಗಳನ್ನು ರಚಿಸಿದ ಆಲಂಕಾರಿಕರು ನಾಯಕನ ಭೇದಗಳನ್ನೂ ನಾಯಿಕೆಯ ಅವಸ್ಥೆಗಳನ್ನೂ ವಿಸ್ತರಿಸಿ ಹೇಳಿದಷ್ಟು ಉಳಿದ ಪಾತ್ರಗಳನ್ನು ಕುರಿತು ಹೇಳಿಲ್ಲವೆಂಬುದು ವಿದ್ವಾಂಸರಿಗೆ ವಿದಿತವಾದ ಸಂಗತಿಯೇ ಆಗಿದೆ. ಪೀಠಮರ್ದ, ವಿಟ, ಚೇಟ, ವಿದೂಷಕ ಎಂಬ ಕೆಲವರ ಲಕ್ಷಣಗಳು ದೊರೆಯುವುವು. ಅವರಿಂದಾಚೆಗೆ ರಂಗದ ಮೇಲೆ ಬಂದು ಎರಡು ಮಾತನ್ನಾಡಿ ಹೋಗುವ ಪ್ರತೀಹಾರಿ, ದೂತ, ಭಟ ಮೊದಲಾದವರು ಕಾರ್ಯನಿರ್ವಾಹಕ್ಕೆ ಬೇಕಾದವರೆಂದು ಮಾತ್ರ ಎಣಿಸಲ್ಪಟ್ಟಿದ್ದಾರೆ. ಈ ಸಂಪ್ರದಾಯದಲ್ಲಿ ಅಭ್ಯಾಸಮಾಡಿದ ವಿಮರ್ಶಕನು ಪಾತ್ರದ ಮಹತ್ತ್ವವನ್ನು ಅದರ ಮಾತಿನ ಪರಿಮಾಣದಿಂದಲೂ ಕಥೆಯಲ್ಲಿ ಅದು ನಡೆಯುವ ದೂರದಿಂದಲೂ ಅಳೆಯುವುದು ಸಹಜವಾಗಿದೆ. ಈ ಅಳತೆಯು ಎಲ್ಲೆಡೆಯಲ್ಲಿಯೂ ಸಲ್ಲುವುದೇ ಎಂಬುದೇ ಇಲ್ಲಿ ವಿಚಾರಿಸತಕ್ಕ ವಿಷಯ. ಪರೀಕ್ಷೆಗಾಗಿ, ಮೂರು ಪದಗಳ ಒಂದು ಉತ್ತರದಿಂದ ದೇಶದ ಜನರ ನೆನಪಿನಲ್ಲಿ ಉಳಿದುಕೊಂಡ ಪಾತ್ರವೊಂದನ್ನು ತೆಗೆದುಕೊಳ್ಳಲಾಗಿದೆ. ಅದು 1975ರಲ್ಲಿ ಹೊರಬಂದ 'ಶೋಲೆ' ಎಂಬ ಹಿಂದೀ ಚಲಚ್ಚಿತ್ರದ ಸಾಂಭನ ಪಾತ್ರ. ಅದನ್ನು ಧರಿಸಿದವರು ಮ್ಯಾಕ್ ಮೋಹನ್ ಎಂಬ ನಟರು. ಬೋಲಪಟದ ಚರ್ಚೆಯು ವಿದ್ವತ್ಪತ್ರಿಕೆಗೆ ಉಚಿತವೇ ಎಂದು ಶಂಕಿಸಬೇಕಾಗಿಲ್ಲ. ಅಭಿನಯವು ಎಲ್ಲಿರುವುದೋ ಅಲ್ಲೆಲ್ಲ ಭರತನ ಶಾಸ್ತ್ರಕ್ಕೆ ಅಧಿಕಾರವುಂಟು. ಅಧಿಕಾರವಿದ್ದಲ್ಲಿ ಹೊಣೆಯೂ ಉಂಟು.

ಅಮೆರಿಕ ದೇಶದಲ್ಲಿ 'ವೆಸ್ಟರ್ನ್' ಎಂಬ ಹೆಸರಿನ ಒಂದು ಚಿತ್ರಜಾತಿಯುಂಟು. ಕಾನೂನಿನ ಕೈ ಇನ್ನೂ ನೆಲೆಗೊಳ್ಳದ ಬಯಲುಸೀಮೆ, ಕುದುರೆಯೇರಿದ ಬಂದೂಕುಗಾರರು, ಊರನ್ನು ಸುಲಿಯುವ ದರೋಡೆಗಾರರು, ಅವರನ್ನು ಎದುರಿಸಲು ಬಂದ ಪರಸ್ಥಳದ ವೀರರು, ಇವು ಅದರ ಸಾಮಗ್ರಿ. ರಮೇಶ್ ಸಿಪ್ಪಿಯವರು ನಿರ್ದೇಶಿಸಿ, ಸಲೀಂ-ಜಾವೇದ್ ಎಂಬ ಜೋಡಿ ಲೇಖಕರು ಕಥೆ ಹೆಣೆದ 'ಶೋಲೆ'ಯು ಈ ಜಾತಿಯನ್ನು ಭಾರತದ ಮಣ್ಣಿನಲ್ಲಿ ನೆಟ್ಟ ಕೃತಿಗಳಲ್ಲಿ ಪ್ರಸಿದ್ಧವಾದುದು. ಕಥೆಯಲ್ಲಿ ಹೇಳುವ ಊರು ಉತ್ತರದೇಶದ ರಾಮಗಢವಾದರೂ, ಕಣ್ಣಿಗೆ ಕಾಣುವ ಬಂಡೆಗಳು ಕರ್ನಾಟಕದವೇ. ಬೆಂಗಳೂರು-ಮೈಸೂರು ಹಾದಿಯಲ್ಲಿರುವ ರಾಮನಗರದ ಬೆಟ್ಟಗಳ ಬುಡದಲ್ಲಿ ಹಳ್ಳಿಯೊಂದನ್ನೇ ಕಟ್ಟಿ, 1973ರ ಅಕ್ಟೋಬರದಲ್ಲಿ ಚಿತ್ರೀಕರಣಕ್ಕೆ ತೊಡಗಿದರು. ಚಿತ್ರವು 1975ರ ಆಗಸ್ಟ್ 15ರಂದು ಬಿಡುಗಡೆಯಾಯಿತು. ಮುಂಬಯಿಯ ಮಿನರ್ವಾ ಚಿತ್ರಮಂದಿರದಲ್ಲಿ ಅದು ಐದು ವರ್ಷಗಳಿಗೂ ಮಿಗಿಲಾಗಿ ನಡೆಯಿತು.

ಮ್ಯಾಕ್ ಮೋಹನರ ನಿಜವಾದ ಹೆಸರು ಮೋಹನ್ ಮಾಖೀಜಾನಿ. ಇವರು 1938ರಲ್ಲಿ ಕರಾಚಿಯಲ್ಲಿ ಜನಿಸಿ, ಲಖನೌದಲ್ಲಿ ಬೆಳೆದು, ಕ್ರಿಕೆಟ್ ಆಟಗಾರನಾಗಬೇಕೆಂಬ ಆಸೆಯನ್ನು ಹೊತ್ತು ಮುಂಬಯಿಗೆ ಬಂದವರು. ಆ ಆಸೆಯು ನಾಟ್ಯದ ಕಡೆಗೆ ತಿರುಗಿತು. ಚೇತನ್ ಆನಂದರ ಬಳಿ ಸಹಾಯಕರಾಗಿದ್ದು, 1964ರಲ್ಲಿ ಅವರದೇ 'ಹಕೀಕತ್' ಚಿತ್ರದಲ್ಲಿ ಮೊದಲು ಕಾಣಿಸಿಕೊಂಡರು. ಕೃಶವಾದ ದೇಹ, ಒಪ್ಪವಾಗಿ ಕತ್ತರಿಸಿದ ಗಡ್ಡ, ನಿದ್ರೆಯಿಲ್ಲದವನಂತಹ ಕಣ್ಣು ಇವುಗಳಿಂದಾಗಿ ಖಳನ ಅನುಚರನ ವೇಷವು ಇವರಿಗೆ ಒದಗಿಬಂದಿತು; ಒದಗಿಬಂದುದು ಕಡೆಯವರೆಗೂ ಬಿಡಲಿಲ್ಲ. 'ಶೋಲೆ'ಯ ಕೆಲಸಕ್ಕಾಗಿ ಮುಂಬಯಿಯಿಂದ ಬೆಂಗಳೂರಿಗೆ 27 ಸಲ ಪ್ರಯಾಣಮಾಡಿದುದಾಗಿ ಇವರು ಹೇಳಿಕೊಂಡಿದ್ದಾರೆ. ಚಿತ್ರವು ಸಿದ್ಧವಾದ ಮೇಲೆ ನೋಡಿದರೆ ತಮ್ಮ ಪಾತ್ರದ ಬಹುಭಾಗವು ಕತ್ತರಿಗೆ ಸಿಕ್ಕಿಹೋಗಿದ್ದಿತು. ಇಷ್ಟನ್ನು ಮಾತ್ರ ಉಳಿಸುವುದೇಕೆ, ಇದನ್ನೂ ತೆಗೆದುಬಿಡಿರೆಂದು ನೊಂದು ನಿರ್ದೇಶಕರನ್ನು ಕೇಳಿದರಂತೆ. ಚಿತ್ರವು ಗೆದ್ದರೆ ಜಗತ್ತು ನಿಮ್ಮನ್ನು ಸಾಂಭನೆಂದೇ ಗುರುತಿಸುವುದೆಂದು ನಿರ್ದೇಶಕರು ಸಮಾಧಾನ ಹೇಳಿದರಂತೆ. ಸಮಾಧಾನಕ್ಕಾಗಿ ಹೇಳಿದ ಮಾತು ಅಕ್ಷರಶಃ ನಿಜವಾಯಿತು. ಅದು ಏಕೆ ನಿಜವಾಯಿತೆಂಬುದನ್ನು ಅದೃಷ್ಟಕ್ಕೆ ಬಿಟ್ಟುಬಿಡದೆ ವಿಮರ್ಶೆಯು ಉತ್ತರ ಕೊಡಬೇಕಾಗಿದೆ.

ಆ ಸಂದರ್ಭವು ಹೀಗಿದೆ. ಚಿತ್ರವು ಸುಮಾರು ಒಂದು ಗಂಟೆ ನಡೆದಿರುವುದು. ಗಬ್ಬರ್‌ಸಿಂಗನೆಂಬ ದರೋಡೆಗಾರನ ಹೆಸರನ್ನು ಪ್ರೇಕ್ಷಕರು ಕೇಳಿರುವರೇ ಹೊರತು ಅವನನ್ನು ಕಂಡಿಲ್ಲ. ರಾಮಗಢಕ್ಕೆ ಧಾನ್ಯವನ್ನು ತರಹೋದ ಅವನ ಮೂವರು ಅನುಚರರು ಇಬ್ಬರು ವೀರರಿಂದ ಸೋತು ಬರಿಗೈಯಲ್ಲಿ ಮರಳಿ ಬಂಡೆಗಳ ನಡುವೆ ತಲೆತಗ್ಗಿಸಿ ನಿಂತಿರುವರು. ಗಬ್ಬರನು ಅತ್ತಿತ್ತ ಹೆಜ್ಜೆಹಾಕುತ್ತ ಅವರನ್ನು ವಿಚಾರಿಸುವನು. ನಡುವೆ ತಲೆಯೆತ್ತಿ, ಎತ್ತರದ ಬಂಡೆಯ ಮೇಲೆ ಬಂದೂಕನ್ನು ಹಿಡಿದು ಕುಳಿತ ಸಾಂಭನನ್ನು ಹೆಸರು ಹಿಡಿದು ಕೂಗಿ, ಸರಕಾರವು ತನ್ನ ತಲೆಗೆ ಎಷ್ಟು ಬಹುಮಾನವನ್ನು ಕಟ್ಟಿದೆಯೆಂದು ಕೇಳುವನು. ಪೂರ್ತಿ ಐವತ್ತು ಸಾವಿರವೆಂದು ಸಾಂಭನು ಮೇಲಿನಿಂದ ಉತ್ತರಿಸುವನು. ಆ ಬಳಿಕ ಗುಂಡಿನ ಜೂಜು, ಮೂವರೂ ಬದುಕಿದರೆಂದು ಎದ್ದ ನಗೆ, ಆ ನಗೆಯ ನಡುವೆಯೇ ಮೂವರ ವಧೆ.

ಈ ಉತ್ತರದಲ್ಲಿ ನಟರು ಮಾಡಿದುದೇನು? ಆಂಗಿಕವನ್ನು ನೋಡಿದರೆ, ಏನನ್ನೂ ಮಾಡಿಲ್ಲವೆಂದೇ ಹೇಳಬೇಕು. ಅವನು ಎದ್ದು ನಿಲ್ಲುವುದಿಲ್ಲ, ಕೈಮುಗಿಯುವುದಿಲ್ಲ, ಕೆಳಕ್ಕೆ ಇಳಿಯುವುದಿಲ್ಲ. ಒಡೆಯನಿಗಿಂತ ಎತ್ತರದಲ್ಲಿ ಕುಳಿತ ಸೇವಕನೆಂಬುದು ಔಚಿತ್ಯಭಂಗವಾಗಿ ತೋರಬೇಕಾದುದು. ಆದರೆ ಹಾಗೆ ತೋರುವುದಿಲ್ಲ. ಕಾವಲಿಗೆ ಕುಳಿತವನು ಕದಲಬಾರದೆಂಬ ಕಟ್ಟಳೆಯು ಆ ಗುಂಪಿನಲ್ಲಿ ಎಷ್ಟು ಬಲವಾಗಿದೆಯೆಂಬುದನ್ನು ಆ ನಿಶ್ಚಲತೆಯೇ ತಿಳಿಸುತ್ತದೆ. ವಾಚಿಕದಲ್ಲಿ ಭಯವಿಲ್ಲ, ಮುಖಸ್ತುತಿಯೂ ಇಲ್ಲ. ಊರಿನ ಲೆಕ್ಕಿಗನು ಬಾಕಿಯ ಮೊತ್ತವನ್ನು ಹೇಳುವಂತೆ ಸಾಂಭನು ಆ ಮೊತ್ತವನ್ನು ಹೇಳುತ್ತಾನೆ. ಈ ಪ್ರಶ್ನೆಯನ್ನು ಅವನು ಹಿಂದೆಯೂ ಕೇಳಿದ್ದಾನೆ, ಈ ಉತ್ತರವನ್ನು ಹಿಂದೆಯೂ ಕೊಟ್ಟಿದ್ದಾನೆ ಎಂಬ ಭಾವನೆಯು ಪ್ರೇಕ್ಷಕನಲ್ಲಿ ಮೂಡುವುದು ಆ ಧ್ವನಿಯ ಸಮತೆಯಿಂದಲೇ. ಆಲಂಕಾರಿಕರ ಮಾತಿನಲ್ಲಿ ಹೇಳುವುದಾದರೆ, ವಾಚ್ಯಾರ್ಥವು ಐವತ್ತು ಸಾವಿರವೆಂಬ ಸಂಖ್ಯೆ. ವ್ಯಂಗ್ಯಾರ್ಥವು ಗಬ್ಬರನ ಹಳೆಯ ದರ್ಪ. ಅದೇ ಉತ್ತರವನ್ನು ನಡುಗುತ್ತ ಹೇಳಿದ್ದರೆ ಪ್ರೇಕ್ಷಕನು ಸಾಂಭನಿಗಾಗಿ ಮರುಗುತ್ತಿದ್ದನು; ಗರ್ವದಿಂದ ಹೇಳಿದ್ದರೆ ಸಾಂಭನನ್ನು ದ್ವೇಷಿಸುತ್ತಿದ್ದನು. ಎರಡು ರೀತಿಯಲ್ಲಿಯೂ ದೃಷ್ಟಿಯು ಗಬ್ಬರನನ್ನು ಬಿಟ್ಟು ಸಾಂಭನ ಕಡೆಗೆ ಹರಿದು ಭಯಾನಕರಸಕ್ಕೆ ಭಂಗವಾಗುತ್ತಿದ್ದಿತು. ನಟರು ದೃಷ್ಟಿಯನ್ನು ತಮ್ಮ ಕಡೆಗೆ ಎಳೆದುಕೊಳ್ಳದೆ ಗಬ್ಬರನ ಕಡೆಗೇ ತಿರುಗಿಸಿದರು.

ಇನ್ನು ಈ ಪಾತ್ರವನ್ನು ಶಾಸ್ತ್ರದಲ್ಲಿ ಎಲ್ಲಿ ನಿಲ್ಲಿಸಬೇಕು? ಧನಂಜಯನು ದಶರೂಪಕದಲ್ಲಿ ಇತಿವೃತ್ತವನ್ನು ಆಧಿಕಾರಿಕ, ಪ್ರಾಸಂಗಿಕ ಎಂದು ಎರಡಾಗಿ ಮಾಡಿ, ಪ್ರಾಸಂಗಿಕವನ್ನು ಪತಾಕಾ, ಪ್ರಕರೀ ಎಂದು ವಿಭಾಗಿಸಿದ್ದಾನೆ. ಮುಖ್ಯಕಥೆಯೊಡನೆ ದೂರದವರೆಗೆ ನಡೆಯುವುದು ಪತಾಕೆ. ರಾಮಕಥೆಯಲ್ಲಿ ಸುಗ್ರೀವನ ವೃತ್ತಾಂತವು ಅದಕ್ಕೆ ಪ್ರಸಿದ್ಧವಾದ ಉದಾಹರಣೆ. ಒಂದೆಡೆಯಲ್ಲಿ ಬಂದು ಮುಗಿಯುವುದು ಪ್ರಕರಿ. ಜಟಾಯುವಿನ ವೃತ್ತಾಂತವನ್ನು ಇದಕ್ಕೆ ಹೇಳಬಹುದು. 'ಶೋಲೆ'ಯಲ್ಲಿಯೇ ಪ್ರಕರಿಗೆ ಸಲ್ಲುವ ಪಾತ್ರವೊಂದುಂಟು. ಮಗನನ್ನು ಕಳೆದುಕೊಂಡ ಕುರುಡು ಇಮಾಮನ ಪಾತ್ರವದು, ಧರಿಸಿದವರು ಎ. ಕೆ. ಹಂಗಲ್. ಹೆಸರನ್ನು ನೋಡಿ ಇವರನ್ನು ಹಾನಗಲ್ಲಿನ ಕಡೆಯವರೆಂದು ತಿಳಿಯುವ ಕನ್ನಡಿಗರು ಇಲ್ಲದಿಲ್ಲ. ಇವರು ಕಾಶ್ಮೀರೀ ಪಂಡಿತರ ಮನೆತನದವರು. ಆ ಇಮಾಮನಿಗೆ ತನ್ನದೊಂದು ದುಃಖವುಂಟು, ಆ ದುಃಖಕ್ಕೆ ಆದಿ-ಅಂತ್ಯಗಳುಂಟು, ಅದರಿಂದ ಊರಿನವರ ಮನಸ್ಸು ಬದಲಾಗುವ ಫಲವೂ ಉಂಟು. ಸಾಂಭನಿಗೆ ಇವಾವುವೂ ಇಲ್ಲ. ಅವನಿಗೆ ವೃತ್ತಾಂತವೇ ಇಲ್ಲದುದರಿಂದ ಪ್ರಕರಿಯೆನ್ನಲು ಬರುವುದಿಲ್ಲ. ತೆರೆಯ ಹಿಂದಿನಿಂದ ಸಂಗತಿಯನ್ನು ಸೂಚಿಸುವ ಚೂಲಿಕೆಯೆಂಬ ಅರ್ಥೋಪಕ್ಷೇಪಕವನ್ನು ಅವನ ಉತ್ತರವು ಹೋಲುವುದಾದರೂ ಅವನು ಕಣ್ಣಿಗೆ ಕಾಣುವವನು. ಅವನನ್ನು ಉದ್ದೀಪನವಿಭಾವದ ಸಾಮಗ್ರಿಯಲ್ಲಿ ಸೇರಿಸಿದರೆ ಬಂಡೆ, ಬಿಸಿಲು, ಧೂಳುಗಳ ಸಾಲಿನಲ್ಲಿ ಮನುಷ್ಯನನ್ನು ನಿಲ್ಲಿಸಿದಂತಾಗುವುದು. ಶಾಸ್ತ್ರವು ಇಲ್ಲಿ ಕೈಚೆಲ್ಲುತ್ತದೆಯೆಂದು ಒಪ್ಪುವುದರಿಂದ ಶಾಸ್ತ್ರಕ್ಕೆ ಅಗೌರವವಾಗದು. ಲಕ್ಷ್ಯವನ್ನು ನೋಡಿ ಲಕ್ಷಣವನ್ನು ತಿದ್ದಿಕೊಳ್ಳುವುದು ಪೂರ್ವಾಚಾರ್ಯರ ಮಾರ್ಗವೇ ಆಗಿದೆ.

ಲಕ್ಷಣಗ್ರಂಥದಲ್ಲಿ ದೊರೆಯದ ಪದವು ಗದಗ-ಬೆಟಗೇರಿ, ಲಕ್ಷ್ಮೇಶ್ವರ, ಶಿರಹಟ್ಟಿ, ಮುಂಡರಗಿಗಳ ಸುತ್ತಲಿನ ಹಳ್ಳಿಗಳ ಅಟ್ಟದ ಮೇಲೆ ದೊರೆಯುತ್ತದೆ. ಈ ಸೀಮೆಯಲ್ಲಿ ಬೆಳೆದುಬಂದ ದೊಡ್ಡಾಟದಲ್ಲಿ ಸಾರಥಿಯೆಂಬ ಪಾತ್ರವಿರುವುದು. ರಾಜನಾಗಲಿ ರಾಕ್ಷಸನಾಗಲಿ ಕಿರೀಟ ಭುಜಕೀರ್ತಿಗಳನ್ನು ಧರಿಸಿ ಕುಣಿಯುತ್ತ ಪ್ರವೇಶಿಸಿದ ಕೂಡಲೇ ಸಾರಥಿಯು ಎದುರಿಗೆ ಬಂದು, ನೀವು ಯಾರು, ಯಾವ ಪಟ್ಟಣದವರು, ಬಂದ ಕಾರಣವೇನು ಎಂದು ಕೇಳುವನು. ಆ ಪ್ರಶ್ನೆಗೆ ಉತ್ತರವಾಗಿ ರಾಜನು ತನ್ನ ಬಿರುದು-ಬಾವಲಿಗಳನ್ನೆಲ್ಲ ಹೇಳಿಕೊಳ್ಳುವನು. ಸಾರಥಿಗೆ ಕಥೆಯಿಲ್ಲ, ಗೆಲವಿಲ್ಲ, ಸೋಲಿಲ್ಲ. ಆದರೆ ಅವನು ಕೇಳದಿದ್ದರೆ ರಾಜನು ತನ್ನ ದೊಡ್ಡಸ್ತಿಕೆಯನ್ನು ತಾನೇ ಹೇಳಿಕೊಂಡಂತಾಗಿ ಹಾಸ್ಯಾಸ್ಪದನಾಗುವನು. ಪ್ರೇಕ್ಷಕನ ಕುತೂಹಲಕ್ಕೆ ಬಾಯಿಯಾಗಿ, ರಾಜನ ಮಹಿಮೆಗೆ ಸಾಕ್ಷಿಯಾಗಿ, ಇಬ್ಬರ ನಡುವೆ ನಿಲ್ಲುವವನು ಸಾರಥಿ.

'ಶೋಲೆ'ಯಲ್ಲಿ ನಡೆಯುವುದು ಇದೇ ಕ್ರಿಯೆ. ಆದರೆ ತಿರುವುಮುರುವಾಗಿ ನಡೆಯುತ್ತದೆ. ದೊಡ್ಡಾಟದಲ್ಲಿ ಸೇವಕನು ಕೇಳುವನು, ಒಡೆಯನು ಹೇಳುವನು. ಇಲ್ಲಿ ಒಡೆಯನು ಕೇಳುವನು, ಸೇವಕನು ಹೇಳುವನು. ಈ ವಿಪರ್ಯಾಸದಲ್ಲಿಯೇ ಗಬ್ಬರನ ಸ್ವಭಾವವು ಪ್ರಕಟವಾಗುತ್ತದೆ. ತನ್ನ ಬಿರುದನ್ನು ತಾನೇ ಹೇಳಿಕೊಳ್ಳುವ ಅರಸನಲ್ಲಿ ಒಂದು ಬಗೆಯ ಮುಗ್ಧತೆಯಿರುವುದು; ತನ್ನ ಬಿರುದನ್ನು ಇನ್ನೊಬ್ಬನ ಬಾಯಿಂದ ಹೇಳಿಸಿ, ಅದನ್ನು ಸೋತುಬಂದವರ ಕಿವಿಗೆ ಬೀಳಿಸುವವನಲ್ಲಿ ಕ್ರೌರ್ಯವಿರುವುದು. ಆ ಬಿರುದಾದರೂ ಎಂತಹದು? ಸರಕಾರವು ಕಟ್ಟಿದ ಬೆಲೆ. ಸರಕಾರವನ್ನು ಎದುರಿಸಿದವನ ಕಥೆಯು ಮುಂಡರಗಿಯ ಜನಕ್ಕೆ ಹೊಸತಲ್ಲ. 1858ರಲ್ಲಿ ಆಂಗ್ಲರೊಡನೆ ಹೋರಾಡಿ ಕೊಪ್ಪಳದ ಕೋಟೆಯಲ್ಲಿ ಮಡಿದ ಭೀಮರಾಯನು ಆ ಊರಿನವನೇ. ಅಂತಹವನ ಕೀರ್ತಿಯನ್ನು ಜನರು ತಾವಾಗಿಯೇ ಹಾಡಿದರು. ಹಾಡುವ ಜನರಿಲ್ಲದ ಗಬ್ಬರನಿಗೆ ಸರಕಾರದ ಜಾಹೀರಾತೇ ಬಿರುದಾವಳಿಯಾಯಿತು, ಸಾಂಭನೇ ವಂದಿಮಾಗಧನಾದನು.

ಈ ಬಗೆಯ ಪಾತ್ರದ ಮರ್ಮವನ್ನು ಗದುಗಿನ ವೀರನಾರಾಯಣನ ಸನ್ನಿಧಿಯ ಕವಿಯು ಬಲ್ಲವನಾಗಿದ್ದನು. ಭಾರತಕಥೆಯ ದ್ಯೂತಪ್ರಕರಣದಲ್ಲಿ ದ್ರೌಪದಿಯನ್ನು ಸಭೆಗೆ ಕರೆತರಲು ಕಳುಹಿಸಲ್ಪಟ್ಟ ಪ್ರಾತಿಕಾಮಿಯನ್ನು ಕುಮಾರವ್ಯಾಸನ ಸಭಾಪರ್ವದ ಓದುಗರು ಬಲ್ಲರು. ಅವನು ಆಜ್ಞೆಯನ್ನು ಹೊತ್ತು ಹೋಗುವನು, ಅವಳ ಪ್ರಶ್ನೆಯನ್ನು ಹೊತ್ತು ಮರಳುವನು. ಕಡೆಗೆ ಅವನ ಕೈಯಲ್ಲಿ ಆಗದ ಕಾರ್ಯಕ್ಕೆ ದುಃಶಾಸನನು ಹೊರಡುವನು. ಪ್ರಾತಿಕಾಮಿಯನ್ನು ಬಿಟ್ಟು ದುಃಶಾಸನನನ್ನೇ ಮೊದಲು ಕಳುಹಿಸಿದ್ದರೆ ಕಥೆಯು ನಡೆಯದೆ ಇರುತ್ತಿರಲಿಲ್ಲ. ಆದರೆ ಸಾಮಾನ್ಯನೊಬ್ಬನು ಆ ಕೆಲಸಕ್ಕೆ ಹಿಂಜರಿದುದನ್ನು ಕಂಡ ಮೇಲೆ ದುಃಶಾಸನನು ಅದನ್ನು ಮಾಡುವುದು ನೂರ್ಮಡಿ ಘೋರವಾಗುವುದು. ಪ್ರಾತಿಕಾಮಿಯು ತನ್ನ ಭಯದಿಂದ ಅಧರ್ಮವನ್ನು ಅಳೆದು ತೋರಿಸಿದನು. ಸಾಂಭನು ತನ್ನ ನಿರ್ಭಾವದಿಂದ ಅದನ್ನು ಅಳೆದು ತೋರಿಸಿದನು. ಮೊದಲನೆಯವನಲ್ಲಿ ಮನಸ್ಸಾಕ್ಷಿಯು ಇನ್ನೂ ಉಳಿದಿದೆ. ಎರಡನೆಯವನಲ್ಲಿ ಅದು ರೂಢಿಯಾಗಿ ಹೆಪ್ಪುಗಟ್ಟಿದೆ.

ಇಲ್ಲಿ ಒಂದು ಆಕ್ಷೇಪವು ಬರಬಹುದು. ಸಾಂಭನ ಪ್ರಸಿದ್ಧಿಗೆ ಕಾರಣವು ನಟರ ಕೌಶಲವಲ್ಲ; ಪ್ರಶ್ನೆಯನ್ನು ಬರೆದವರು ಸಲೀಂ-ಜಾವೇದರು, ಅದನ್ನು ಕೂಗಿದವರು ಗಬ್ಬರನ ವೇಷದ ಅಮ್ಜದ್ ಖಾನರು; ಆ ಸಂಬೋಧನೆಯ ಬಲದಿಂದಲೇ ಹೆಸರು ಉಳಿಯಿತು; ಬಂಡೆಯ ಮೇಲೆ ಇನ್ನಾರನ್ನು ಕೂರಿಸಿದರೂ ಅಷ್ಟೇ ಎಂಬುದು ಆ ಆಕ್ಷೇಪ. ಇದರಲ್ಲಿ ಅರ್ಧ ಸತ್ಯವಿದೆ. ದೊಡ್ಡಾಟದ ಸಾರಥಿಗೆ ಹೆಸರಿಲ್ಲ. ಸಾಂಭನಿಗೆ ಹೆಸರನ್ನು ಕೊಟ್ಟು, ಅದನ್ನು ಒಡೆಯನ ಬಾಯಿಂದ ಕರೆಸಿದುದು ಲೇಖಕರ ಪ್ರತಿಭೆಯೇ ಸರಿ. ಆದರೆ ಇನ್ನಾರನ್ನು ಕೂರಿಸಿದರೂ ಅಷ್ಟೇ ಎಂಬ ಮಾತು ನಿಲ್ಲದು. ಸುಮ್ಮನಿರುವುದು ನಟನಿಗೆ ಅತಿ ಕಷ್ಟವಾದ ಅಭಿನಯ. ಇಟಲಿಯ ಸರ್ಜಿಯೊ ಲಿಯೋನಿಯು 1968ರಲ್ಲಿ ನಿರ್ಮಿಸಿದ 'ಒನ್ಸ್ ಅಪಾನ್ ಎ ಟೈಮ್ ಇನ್ ದ ವೆಸ್ಟ್' ಚಿತ್ರದ ಆರಂಭದಲ್ಲಿ ಮೂವರು ಬಂದೂಕುಗಾರರು ರೈಲುನಿಲ್ದಾಣದಲ್ಲಿ ಕಾಯುತ್ತಿರುವರು. ಜ್ಯಾಕ್ ಇಲಾಮ್ ಎಂಬ ನಟರ ಮುಖದ ಮೇಲೆ ನೊಣವೊಂದು ಹರಿದಾಡುವುದು; ವುಡಿ ಸ್ಟ್ರೋಡ್ ಎಂಬವರ ಟೋಪಿಯ ಮೇಲೆ ನೀರು ತೊಟ್ಟಿಕ್ಕುವುದು. ಮಾತು ಇಲ್ಲವೆನ್ನುವಷ್ಟು ಅಲ್ಪ. ಈ ನಟರು ಬಹುಕಾಲ ವೆಸ್ಟರ್ನ್ ಚಿತ್ರಗಳಲ್ಲಿ ಅನುಚರರ ವೇಷವನ್ನು ಧರಿಸಿ ಪಳಗಿದವರಾದುದರಿಂದಲೇ ಆ ಮೌನವು ಪ್ರೇಕ್ಷಕನನ್ನು ಹಿಡಿದು ನಿಲ್ಲಿಸುತ್ತದೆ. ಮ್ಯಾಕ್ ಮೋಹನರ ನಿಶ್ಚಲತೆಯ ಹಿಂದೆಯೂ ಹನ್ನೊಂದು ವರ್ಷಗಳ ಅಂತಹ ಪಳಗಿಕೆಯಿದ್ದಿತು.

ಇವರ ಮುಂದಿನ ವೃತ್ತಿಜೀವನವು ಇದನ್ನೇ ಸಮರ್ಥಿಸುವುದು. 1978ರ 'ಡಾನ್' ಚಿತ್ರದಲ್ಲಿ ಪಾತ್ರದ ಹೆಸರೂ ಮ್ಯಾಕ್ ಎಂದೇ ಆಯಿತು. 1980ರ 'ಶಾನ್' ಚಿತ್ರದಲ್ಲಿ ಸಿಪ್ಪಿಯವರು ಇವರನ್ನು ಮತ್ತೆ ಕರೆದುಕೊಂಡರು. ಅದೇ ವರ್ಷದ 'ಕರ್ಜ್' ಚಿತ್ರವು ವಿಶೇಷವಾಗಿ ಗಮನಾರ್ಹ. ಅಲ್ಲಿಯ ಖಳನು ಮೂಕನು. ಗಾಜಿನ ಮೇಲೆ ಬೆರಳಿನಿಂದ ತಾಳಹಾಕಿ ಸಂಜ್ಞೆಮಾಡುವನು. ಆ ತಾಳವನ್ನು ಮಾತಾಗಿ ಬಿಡಿಸಿ ಹೇಳುವ ಅನುಚರರು ಮ್ಯಾಕ್ ಮೋಹನರು. ಒಡೆಯನ ಬಿರುದನ್ನು ಹೇಳಿದ ಸಾರಥಿಯು ಇಲ್ಲಿ ಒಡೆಯನ ನಾಲಗೆಯೇ ಆದನು. ಇನ್ನೂರಕ್ಕೂ ಮಿಗಿಲಾದ ಚಿತ್ರಗಳಲ್ಲಿ ದುಡಿದು 2010ರ ಮೇ 10ರಂದು ಇವರು ತೀರಿಕೊಂಡರು. ಅದಕ್ಕೆ ಒಂದು ವರ್ಷ ಹಿಂದೆ, 2009ರ 'ಲಕ್ ಬೈ ಚಾನ್ಸ್' ಚಿತ್ರದಲ್ಲಿ ಇವರು ತಾವಾಗಿಯೇ ಕಾಣಿಸಿಕೊಂಡಿದ್ದಾರೆ. ನಟನಶಾಲೆಯೊಂದಕ್ಕೆ ಅತಿಥಿಯಾಗಿ ಬಂದ ಇವರನ್ನು ಆ ಮೂರು ಪದಗಳನ್ನು ಹೇಳಿರೆಂದು ವಿದ್ಯಾರ್ಥಿಗಳು ಬೇಡುವರು, ಇವರು ಹೇಳುವರು, ಎಲ್ಲರೂ ಸಂತೋಷಪಡುವರು. ನೋಡುವವನಿಗೆ ನಗೆಯ ಜೊತೆಯಲ್ಲಿ ಸಂಕಟವೂ ಆಗುತ್ತದೆ. ನಾಲ್ವತ್ತೈದು ವರ್ಷಗಳ ದುಡಿಮೆಯಿಂದ ಆ ತರುಣರು ಬಯಸಿದುದು ಅಷ್ಟನ್ನೇ.

ಇದರಲ್ಲಿ ನಟರ ದೋಷವಿಲ್ಲ. ಚಿತ್ರೋದ್ಯಮದ ಪದ್ಧತಿಯ ದೋಷವುಂಟು. ಕಂಪನಿ ನಾಟಕಗಳಲ್ಲಿ ಇಂದು ದೂತನಾದವನು ನಾಳೆ ನಾರದನಾಗಲು ಅವಕಾಶವಿದ್ದಿತು. ಮುಖ್ಯನಟನು ಜ್ವರದಿಂದ ಮಲಗಿದರೆ ಸೈನಿಕನೇ ಅರ್ಜುನನಾಗಬೇಕಾಗುತ್ತಿದ್ದಿತು. ಚಿತ್ರದಲ್ಲಿ ಆಹಾರ್ಯವೇ ನಟನ ಮೈಗೆ ಅಂಟಿಕೊಳ್ಳುವುದು. ಗಡ್ಡ ನೋಡಿ ಪಾತ್ರ ಕೊಡುವರು, ಪಾತ್ರ ನೋಡಿ ಗಡ್ಡ ಬೆಳೆಸಿಕೊಳ್ಳಬೇಕಾಗುವುದು. ಮನ್ನಣೆಯ ವಿಷಯದಲ್ಲಿಯೂ ಹೀಗೆಯೇ. ಅಮೆರಿಕದ ಅಕಾಡೆಮಿಯವರು ಸಹಾಯಕ ನಟರಿಗೆಂದು ಪ್ರತ್ಯೇಕ ಪ್ರಶಸ್ತಿಯನ್ನು 1936ರ ಚಿತ್ರಗಳಿಂದ ಆರಂಭಿಸಿದರು; ಅದನ್ನು ಮೊದಲು ಪಡೆದ ವಾಲ್ಟರ್ ಬ್ರೆನನ್‌ರು 1940ರಲ್ಲಿ 'ದ ವೆಸ್ಟರ್ನರ್' ಎಂಬ ಚಿತ್ರಕ್ಕಾಗಿ ಮೂರನೆಯ ಸಲವೂ ಪಡೆದರು. 'ಶೋಲೆ'ಗೆ ಫಿಲ್ಮ್‌ಫೇರ್ ಪತ್ರಿಕೆಯವರು ಕೊಟ್ಟ ಪ್ರಶಸ್ತಿಯು ಒಂದೇ, ಅದೂ ಸಂಕಲನಕ್ಕೆ. ಸಾಂಭನ ಪಾತ್ರವನ್ನು ಕಿರಿದುಮಾಡಿದ ಕತ್ತರಿಗೇ ಆ ವರ್ಷದ ಮನ್ನಣೆಯು ಸಂದಿತೆಂಬುದು ಚಿಂತನೀಯವಾಗಿದೆ. ಹಾಗೆಂದು ಆ ಕತ್ತರಿಯನ್ನು ನಿಂದಿಸಲಾಗದು. ಪಾತ್ರವು ದೀರ್ಘವಾಗಿದ್ದರೆ ಸಾಂಭನು ಹತ್ತು ದರೋಡೆಗಾರರಲ್ಲಿ ಒಬ್ಬನಾಗಿಬಿಡುತ್ತಿದ್ದನೋ ಏನೋ.

ಈ ವಿಚಾರವು ಗದುಗಿನ ಸೀಮೆಯ ವಿದ್ವಾಂಸರಿಗೆ ಒಂದು ಕರ್ತವ್ಯವನ್ನು ನೆನಪಿಗೆ ತರುತ್ತದೆ. ಹತ್ತೊಂಬತ್ತನೆಯ ಶತಮಾನದ ಉತ್ತರಾರ್ಧದಲ್ಲಿ ಶಾಂತಕವಿಗಳು ಕೃತಪುರ ನಾಟಕ ಮಂಡಳಿಯನ್ನು ಕಟ್ಟಿದ ಊರು ಗದಗು. ಗರುಡ ಸದಾಶಿವರಾಯರ ದತ್ತಾತ್ರೇಯ ನಾಟಕ ಮಂಡಳಿ, ಶಿರಹಟ್ಟಿ ವೆಂಕೋಬರಾಯರ ಕಂಪನಿ ಮೊದಲಾದವು ಈ ನೆಲದಿಂದ ಎದ್ದು ನಾಡನ್ನೆಲ್ಲ ಸುತ್ತಿದುವು. ಈ ಇತಿಹಾಸವು ಒಡೆಯರ ಹೆಸರಿನಿಂದಲೂ ಮುಖ್ಯನಟರ ಹೆಸರಿನಿಂದಲೂ ಬರೆಯಲ್ಪಟ್ಟಿದೆ. ಅವರು ರಂಗವನ್ನು ಪ್ರವೇಶಿಸುವ ಮುನ್ನ ಅವರ ಬರವನ್ನು ಸಾರಿದವರು, ಅವರ ಪ್ರಶ್ನೆಗೆ ಉತ್ತರಕೊಟ್ಟವರು, ಅವರ ಕೋಪಕ್ಕೆ ಗುರಿಯಾಗಿ ನಿಂತವರು ಯಾರು? ಹಳೆಯ ಹಸ್ತಪತ್ರಿಕೆಗಳಲ್ಲಿಯೂ, ನಟರ ಮನೆಗಳಲ್ಲಿ ಉಳಿದಿರಬಹುದಾದ ಛಾಯಾಚಿತ್ರಗಳಲ್ಲಿಯೂ, ವೃದ್ಧರ ನೆನಪಿನಲ್ಲಿಯೂ ಅವರ ಹೆಸರುಗಳನ್ನು ಹುಡುಕಿ ಬರೆದಿಡತಕ್ಕುದು. ಮ್ಯಾಕ್ ಮೋಹನರ ಮುಖವನ್ನಾದರೂ ಚಿತ್ರಸುರುಳಿಯು ಉಳಿಸಿತು. ಕಂಪನಿಯ ದೂತನಿಗೆ ಆ ಭಾಗ್ಯವಿಲ್ಲ.

ಪುಲಿಗೆರೆಯ ತಿರುಳ್ಗನ್ನಡವನ್ನು ಪಾಠಹೇಳುವ ಉಪಾಧ್ಯಾಯರಾದರೂ ನಾಟಕವನ್ನೋ ಕಾವ್ಯವನ್ನೋ ಕಲಿಸುವಾಗ ನಾಯಕನ ಗುಣಗಳನ್ನು ಎಣಿಸಿ ಹೇಳಿದ ಮೇಲೆ, ಆ ಗುಣಗಳಿಗೆ ಸಾಕ್ಷಿಯಾಗಿ ನಿಂತವರು ಯಾರೆಂದು ವಿದ್ಯಾರ್ಥಿಗಳನ್ನು ಕೇಳಬಹುದು. ಸಭಾಪರ್ವದ ಪ್ರಾತಿಕಾಮಿಯಿಂದಲೇ ಈ ಪಾಠವನ್ನು ಆರಂಭಿಸಬಹುದು. ದೊಡ್ಡಾಟವನ್ನು ಕಂಡ ಹಳ್ಳಿಯ ಹುಡುಗರು ಇದಕ್ಕೆ ತಡಮಾಡದೆ ಉತ್ತರಕೊಡುವರು. ಸಾರಥಿಯು ಬಾರದೆ ಆಟವು ತೊಡಗುವುದಿಲ್ಲವೆಂಬುದನ್ನು ಅವರು ಬಲ್ಲರು.